ಏಳು ವರ್ಷಕ್ಕೊಮ್ಮೆ ಬಂದು ಕೇಳುವ ಮನುಷ್ಯ: ಮೈಕೆಲ್ ಆಪ್ಟೆಡ್ ಪ್ರಕರಣ

1977. ಲಂಡನ್ನಿನ ಈಸ್ಟ್ ಎಂಡ್, ಕಾರ್ಮಿಕರು ಬದುಕುವ ಬಡ ಬಡಾವಣೆ. ಇಪ್ಪತ್ತೊಂದರ ಒಬ್ಬ ಹುಡುಗ ಕಾರು ಓಡಿಸುತ್ತಾ ಬೀದಿ ಬೀದಿ ಸುತ್ತುತ್ತಿದ್ದಾನೆ. ಜತೆಗೆ ಕ್ಯಾಮೆರಾ. ಈ ಏರಿಯಾದಲ್ಲಿ ಅಪರಾಧ ನಡೆಯುವ ಜಾಗಗಳು ಯಾವುವು, ತೋರಿಸು ಅಂತ ನಿರ್ದೇಶಕರು ಹೇಳಿದ್ದಾರೆ. ಹುಡುಗ ತೋರಿಸುತ್ತಾನೆ.

ನಿರ್ದೇಶಕರ ತಲೆಯಲ್ಲಿದ್ದ ಲೆಕ್ಕ ಬೇರೆ. ಇವನು ಇನ್ನು ಏಳು ವರ್ಷದಲ್ಲಿ ಜೈಲು ಸೇರುತ್ತಾನೆ ಅಂತ ಅವರಿಗೆ ಹೆಚ್ಚುಕಡಿಮೆ ಖಾತ್ರಿಯಾಗಿತ್ತು. ಆಗ ಬೇಕಾಗುತ್ತೆ ಅಂತ ಈಗಲೇ ದೃಶ್ಯ ತೆಗೆದಿಟ್ಟುಕೊಳ್ಳುತ್ತಿದ್ದರು. ಮಳೆಗಾಲಕ್ಕೆ ಮುಂಚೆ ಸೌದೆ ಒಟ್ಟಿಟ್ಟ ಹಾಗೆ. ಇಂಥದ್ದನ್ನು ಯಾರು ತಾನೇ ಮುಖಕ್ಕೆ ಹೇಳಿಯಾರು?

ಏಳು ವರ್ಷ ಬಿಟ್ಟು ಹೋದರೆ ಹುಡುಗ ಜೈಲಲ್ಲಿರಲಿಲ್ಲ. ಟ್ಯಾಕ್ಸಿ ಓಡಿಸುತ್ತಿದ್ದ. ಮದುವೆಯಾಗಿತ್ತು, ಮಕ್ಕಳಿದ್ದರು. ಒಟ್ಟಿದ ಸೌದೆ ಹಾಗೇ ಉಳಿಯಿತು.

ಆ ನಿರ್ದೇಶಕರು ಮೈಕೆಲ್ ಆಪ್ಟೆಡ್. ಈ ಕಥೆಯನ್ನು ಹೊರಗೆ ಹಾಕಿದ್ದು ಬೇರೆ ಯಾರೋ ಅಲ್ಲ, ಅವರೇ. ದೇವರ ಪಾತ್ರ ಮಾಡೋಕೆ ಹೋಗಬಾರದು ಅಂತ ತಾನು ಕಲಿತದ್ದು ಇಲ್ಲೇ ಅಂತ ಮುಂದೆ ಹಲವು ಸಲ ಹೇಳಿಕೊಂಡರು. ನಿಜ ಮನುಷ್ಯರ ಕಥೆ ಹೇಳುವ ವೃತ್ತಿಯ ಬಗ್ಗೆ ಏನಾದರೂ ತಿಳಿಯಬೇಕು ಅಂದರೆ ಈ ಒಂದು ಪ್ರಕರಣ ಸಾಕು ಅನ್ನಿಸಿ ಬರೆಯುತ್ತಿದ್ದೇನೆ. ಇದರಲ್ಲಿ ಹದಿನಾಲ್ಕು ಮಕ್ಕಳ ಕಥೆ ಇದೆ. ಆದರೆ ನಾನು ನೋಡಲು ಹೊರಟಿರುವುದು ಹದಿನೈದನೆಯವರನ್ನು, ಕ್ಯಾಮೆರಾ ಪಕ್ಕ ಕೂತು ಪ್ರಶ್ನೆ ಕೇಳಿದವರನ್ನು.

ಶುರುವಾದದ್ದು ಹೀಗೆ

1964ರಲ್ಲಿ ಗ್ರಾನಡಾ ಟೆಲಿವಿಷನ್ 'ಸೆವೆನ್ ಅಪ್' ಅಂತ ಒಂದು ಕಾರ್ಯಕ್ರಮ ಮಾಡಿತು. (ಹೌದು, ನಮಗೆ ನೆನಪಾಗುವುದು ಹಸಿರು ಬಾಟಲಿಯೇ. ಇದು ಬೇರೆ.) ಇಂಗ್ಲೆಂಡಿನ ಬೇರೆ ಬೇರೆ ವರ್ಗಗಳಿಂದ ಏಳು ವರ್ಷದ ಹದಿನಾಲ್ಕು ಮಕ್ಕಳನ್ನು ಆರಿಸಿ ಮಾತಾಡಿಸಿದರು. ಜೆಸ್ಯೂಟರ (ಕ್ರೈಸ್ತ ಪಾದ್ರಿಗಳ ಒಂದು ಪಂಗಡ) ಹೆಸರಲ್ಲಿ ಓಡಾಡುವ ಒಂದು ಮಾತು ಇದರ ಬುನಾದಿ: ಮಗುವನ್ನು ಏಳು ವರ್ಷದವರೆಗೆ ನನಗೆ ಕೊಡಿ, ದೊಡ್ಡವನಾದ ಮೇಲೆ ಏನಾಗುತ್ತಾನೆ ಅಂತ ತೋರಿಸುತ್ತೇನೆ. ನಮ್ಮಲ್ಲಾದರೆ 'ಬೆಳೆಯುವ ಸಿರಿ ಮೊಳಕೆಯಲ್ಲಿ' ಅಂದುಬಿಡುತ್ತೇವೆ. ಆದರೆ ಅವರ ಮಾತಿನಲ್ಲಿ ಸಿಟ್ಟಿತ್ತು. ಮೊಳಕೆ ಯಾವ ಮಣ್ಣಿಗೆ ಬಿತ್ತು ಅನ್ನುವುದರ ಮೇಲೆಯೇ ಎಲ್ಲ ತೀರ್ಮಾನ ಆಗಿಹೋಗಿದೆ, ಈ ದೇಶ ಹೀಗಿದೆ ನೋಡಿ ಅನ್ನುವ ಸಿಟ್ಟು. ಆ ಕಾರ್ಯಕ್ರಮ ಸರಣಿಯ ಮುಖ್ಯಸ್ಥ ಟಿಮ್ ಹ್ಯೂಎಟ್ ಆಸ್ಟ್ರೇಲಿಯಾದವರು. ನಿರ್ದೇಶಕ ಪಾಲ್ ಆಲ್ಮಂಡ್ ಕೆನಡಾದವರು. ಮನೆಯ ಗೋಡೆಯ ಬಿರುಕು ನೆಂಟರ ಕಣ್ಣಿಗೆ ಮೊದಲು ಬೀಳುತ್ತೆ ಅಲ್ವಾ, ಹಾಗೆ.

ಆಪ್ಟೆಡ್ ಆಗ ಇಪ್ಪತ್ತಮೂರರ ಹುಡುಗ. ಕೇಂಬ್ರಿಜ್‌ನಲ್ಲಿ ಓದಿ ಬಂದು ಗ್ರಾನಡಾದಲ್ಲಿ ಕೆಲಸ ಕಲಿಯುತ್ತಿದ್ದರು. ಮಕ್ಕಳನ್ನು ಹುಡುಕುವುದು ಅವರ ಕೆಲಸ. ಟೈಮ್ ಕಡಿಮೆ, ದುಡ್ಡೂ ಕಡಿಮೆ. ಶಾಲೆಗಳಿಗೆ ಹೋಗಿ, ಮೇಷ್ಟ್ರುಗಳನ್ನು ಕೇಳಿ, ಚೆನ್ನಾಗಿ ಮಾತಾಡುವ ಮಕ್ಕಳನ್ನು ಆರಿಸಿದರು. ಹತ್ತು ಹುಡುಗರು, ನಾಲ್ಕೇ ಹುಡುಗಿಯರು. ಈ ನಾಲ್ಕನ್ನು ನೆನಪಿಟ್ಟುಕೊಳ್ಳಿ, ಮತ್ತೆ ಬರುತ್ತೇನೆ.

ಮೊದಲ ಚಿತ್ರದ ಎರಡು ತುಣುಕು ಹೇಳಬೇಕು. ಒಂದರಲ್ಲಿ ಶ್ರೀಮಂತರ ಶಾಲೆಯ ಮೂವರು ಹುಡುಗರು ಸೋಫಾ ಮೇಲೆ ಸಾಲಾಗಿ ಕೂತಿದ್ದಾರೆ. ತಾವು ಯಾವ ಪೇಪರ್ ಓದುತ್ತೇವೆ, ಮುಂದೆ ಯಾವ ಶಾಲೆಗೆ ಹೋಗುತ್ತೇವೆ, ಆಮೇಲೆ ಯಾವ ಕಾಲೇಜು, ಎಲ್ಲ ಪಟಪಟ ಹೇಳುತ್ತಾರೆ. ಬಸ್ಸಿನ ಕಂಡಕ್ಟರ್ ಮುಂದಿನ ಸ್ಟಾಪ್‌ಗಳ ಹೆಸರು ಹೇಳಿದ ಹಾಗೆ. ಇನ್ನೊಂದರಲ್ಲಿ ಅನಾಥಾಲಯದಂಥ ಒಂದು ಮಕ್ಕಳ ಮನೆಯ ಹುಡುಗ. ಯೂನಿವರ್ಸಿಟಿಗೆ ಹೋಗ್ತೀಯಾ ಅಂದರೆ, ಯೂನಿವರ್ಸಿಟಿ ಅಂದ್ರೇನು ಅಂತ ತಿರುಗಿ ಕೇಳುತ್ತಾನೆ. ಎರಡೂ ತುಣುಕು ಸೇರಿ ಒಂದು ನಿಮಿಷವೂ ಆಗಲಿಕ್ಕಿಲ್ಲ. ಒಂದು ದೇಶದ ವರ್ಗ ವ್ಯವಸ್ಥೆಯ ಬಗ್ಗೆ ಇದಕ್ಕಿಂತ ಚುರುಕಾಗಿ ಹೇಳಿದ್ದನ್ನು ನಾನು ನೋಡಿಲ್ಲ.

ಇದು ಒಂದೇ ಸಲ ಮಾಡಿ ಮುಗಿಸುವ ಕಾರ್ಯಕ್ರಮ ಆಗಿತ್ತು. ಆರು ವರ್ಷದ ನಂತರ ಗ್ರಾನಡಾದ ಹಿರಿಯರಾದ ಡೆನಿಸ್ ಫೋರ್ಮನ್, ಆ ಮಕ್ಕಳು ಈಗ ಹೇಗಿದ್ದಾರೆ ಅಂತ ಹೋಗಿ ನೋಡಬಾರದಾ ಅಂತ ಕೇಳಿದರು. ಆಪ್ಟೆಡ್ ಹೋದರು. ಅಲ್ಲಿಂದ ಮುಂದೆ 1970, 1977, 1984, 1991, 1998, 2005, 2012, 2019. ಏಳು ವರ್ಷ ತುಂಬುತ್ತಿದ್ದ ಹಾಗೆ ಬಾಗಿಲು ಬಡಿಯುವುದು. ಮೊದಲನೆಯದು ಬಿಟ್ಟು ಉಳಿದ ಎಂಟನ್ನೂ ಅವರೇ ನಿರ್ದೇಶಿಸಿದರು.

ನಡುವೆ ಅವರು ಹಾಲಿವುಡ್‌ಗೆ ಹೋದರು. ಅಲ್ಲೂ ನಿಜವಾಗಿ ಬಾಳಿದವರ ಕಥೆಗಳಿಗೆ ಕೈಹಾಕಿದರು. ಕೆಂಟಕಿಯ ಗಣಿ ಕಾರ್ಮಿಕನ ಮಗಳು, ಗಾಯಕಿ ಲೊರೆಟ್ಟಾ ಲಿನ್ ಕುರಿತ 1980ರ ಚಿತ್ರದಲ್ಲಿ ನಟಿಸಿದ ಸಿಸ್ಸಿ ಸ್ಪೇಸೆಕ್‌ಗೆ ಆಸ್ಕರ್ ಬಂತು. 1988ರಲ್ಲಿ ಗೊರಿಲ್ಲಾಗಳ ನಡುವೆ ಬದುಕಿದ ಡಯಾನ್ ಫೋಸಿ ಕುರಿತ ಚಿತ್ರ. 1999ರಲ್ಲಿ ಒಂದು ಜೇಮ್ಸ್ ಬಾಂಡ್ ಕೂಡ ಮಾಡಿದರು. ಬಾಂಡ್ ಚಿತ್ರದ ನಿರ್ದೇಶಕ ಲಂಡನ್ನಿಗೆ ವಾಪಸ್ ಬಂದು, ಒಬ್ಬ ಟ್ಯಾಕ್ಸಿ ಡ್ರೈವರ್ ಮನೆಯ ಸೋಫಾ ಎದುರು ಕುರ್ಚಿ ಹಾಕಿಕೊಂಡು ಸಂಸಾರ ಹೇಗಿದೆ ಅಂತ ಕೇಳುವುದನ್ನು ಊಹಿಸಿಕೊಳ್ಳಿ. ಯಾಕೆ ಬಿಡಲಿಲ್ಲ? ಬಿಡಲು ಎಲ್ಲ ಕಾರಣವೂ ಇತ್ತು.

ಎರಡು ದಿನ, ಆರು ಗಂಟೆ, ಹತ್ತು ನಿಮಿಷ

ಕೆಲಸದ ವಿಧಾನ ಸರಳ. ಒಬ್ಬೊಬ್ಬರ ಜತೆ ಸುಮಾರು ಎರಡು ದಿನ ಶೂಟಿಂಗ್. ಆರು ಗಂಟೆಗೂ ಜಾಸ್ತಿ ಮಾತುಕತೆ. ಅದರಲ್ಲಿ ಪರದೆಗೆ ಬರುವುದು ಹತ್ತು ಹನ್ನೆರಡು ನಿಮಿಷ. ಅದರಲ್ಲೂ ಒಂದು ಪಾಲು ಹಳೇ ತುಣುಕುಗಳಿಗೆ. ಏಳರ ಮುಖ, ಹದಿನಾಲ್ಕರ ಮೊಡವೆ ಮುಖ, ಇಪ್ಪತ್ತೊಂದರ ಉದ್ದ ಕೂದಲು, ಆಮೇಲೆ ತಟ್ಟನೆ ಇವತ್ತಿನ ನೆರೆತ ತಲೆ. ನೋಡುವವರ ಎದೆಗೆ ಬಡಿಯುವುದು ಈ ತಟ್ಟನೆಯೇ. ನಾವು ಊರಿಗೆ ವರ್ಷಗಟ್ಟಲೆ ಬಿಟ್ಟು ಹೋದಾಗ ಬಸ್‌ಸ್ಟ್ಯಾಂಡಿನಲ್ಲಿ ಕ್ಲಾಸ್‌ಮೇಟ್ ಸಿಕ್ಕಿ ಒಂದು ಕ್ಷಣ ಗುರುತೇ ಸಿಗುವುದಿಲ್ಲ ನೋಡಿ, ಅದು.

ಆದರೆ ಈ ವಿಧಾನದಲ್ಲೇ ಒಂದು ಹಿಂಸೆಯೂ ಇದೆ. ಹದಿನಾಲ್ಕರಲ್ಲಿ, ಇಪ್ಪತ್ತೊಂದರಲ್ಲಿ ನಾವು ಎಷ್ಟು ಪೆದ್ದು ಮಾತು ಆಡಿರುತ್ತೇವೆ! ಅದೃಷ್ಟಕ್ಕೆ ಅದು ಯಾರಿಗೂ ನೆನಪಿಲ್ಲ. ಇವರಿಗೆ ಆ ಅದೃಷ್ಟ ಇಲ್ಲ. ಏಳು ವರ್ಷಕ್ಕೊಮ್ಮೆ ಆ ಮಾತು ಇಡೀ ದೇಶದ ಮುಂದೆ ಮತ್ತೆ ಬರುತ್ತೆ. ಸೋಫಾದ ಮೇಲಿದ್ದ ಮೂವರಲ್ಲಿ ಒಬ್ಬರು, ಮುಂದೆ ದೊಡ್ಡ ವಕೀಲರಾದವರು, ಈ ಚಿತ್ರವನ್ನು ಏಳು ವರ್ಷಕ್ಕೊಮ್ಮೆ ತಮ್ಮ ಬದುಕಿಗೆ ಸೇರಿಸುವ ಸಣ್ಣ ವಿಷದ ಗುಳಿಗೆಗೆ ಹೋಲಿಸಿದರು. ಅವರ ದೂರು ಸುಮ್ನೆ ಮುನಿಸಲ್ಲ. ಚಿತ್ರ ನೋಡಿದವರಿಗೆ ಅವರು ಬಾಯಲ್ಲಿ ಬೆಳ್ಳಿ ಚಮಚ ಇಟ್ಟುಕೊಂಡು ಹುಟ್ಟಿದವರು ಅಂತಲೇ ಅನ್ನಿಸುತ್ತೆ. ಅಪ್ಪ ಅವರ ಒಂಬತ್ತನೇ ವಯಸ್ಸಿಗೇ ತೀರಿಕೊಂಡಿದ್ದು, ಅಮ್ಮ ದುಡಿದು ಓದಿಸಿದ್ದು, ಆಕ್ಸ್‌ಫರ್ಡ್‌ನಲ್ಲಿ ಸ್ಕಾಲರ್‌ಶಿಪ್ ಮೇಲೆ ಓದಿದ್ದು, ಇವೆಲ್ಲ ಕಥೆಗೆ ಹೊಂದುತ್ತಿರಲಿಲ್ಲ. ಹೊಂದದ್ದು ಬಿಟ್ಟುಹೋಯಿತು. ಐವತ್ತಾರರ ಚಿತ್ರದಲ್ಲಿ ಅವರು ಇದನ್ನು ಬಾಯಿಬಿಟ್ಟು ಹೇಳಿದರು.

ಆ ಮೂವರಲ್ಲಿ ಇನ್ನೊಬ್ಬರು ಇಪ್ಪತ್ತೊಂದರ ನಂತರ ಬರುವುದಿಲ್ಲ ಅಂದುಬಿಟ್ಟರು. ಸ್ವಾರಸ್ಯ ಅಂದರೆ ಅವರು ಮುಂದೆ ತಾವೇ ಡಾಕ್ಯುಮೆಂಟರಿ ಕ್ಷೇತ್ರಕ್ಕೆ ಹೋದರು, ಅಲ್ಲಿ ಹೆಸರೂ ಮಾಡಿದರು. ಆಪ್ಟೆಡ್‌ಗೆ ಇದು ಕೊನೆಯವರೆಗೂ ಚುಚ್ಚುತ್ತಿತ್ತು, ಮಾತುಗಳಲ್ಲಿ ಅದು ಕಾಣುತ್ತೆ. ನನಗೇನೋ ಅದರಲ್ಲಿ ವಿರೋಧಾಭಾಸ ಕಾಣುವುದಿಲ್ಲ. ಅಡುಗೆಮನೆ ಒಳಗೆ ಏನು ನಡೆಯುತ್ತೆ ಅಂತ ಗೊತ್ತಿದ್ದವರೇ ಹೋಟೆಲ್ ಊಟ ಬೇಡ ಅನ್ನುವುದು.

ಇನ್ನೊಬ್ಬರ ಕಥೆ ಇದಕ್ಕಿಂತ ಕೆಟ್ಟದು. ಶಾಲೆಯಲ್ಲಿ ಮೇಷ್ಟ್ರಾಗಿದ್ದವರು. ಇಪ್ಪತ್ತೆಂಟರಲ್ಲಿ ಪ್ರಧಾನಿ ಥ್ಯಾಚರ್ ಸರ್ಕಾರದ ವಿರುದ್ಧ ನಾಲ್ಕು ಮಾತಾಡಿದರು. ಟ್ಯಾಬ್ಲಾಯ್ಡ್ ಪತ್ರಿಕೆಗಳು ಮೇಲೆ ಬಿದ್ದವು. ಅವರು ಸರಣಿ ಬಿಟ್ಟರು. ವಾಪಸ್ ಬಂದದ್ದು ಐವತ್ತಾರಕ್ಕೆ. ಅದೂ ತಮ್ಮ ಬ್ಯಾಂಡ್‌ಗೆ ಪ್ರಚಾರ ಸಿಗಲಿ ಅಂತಲೇ ಬಂದೆ ಎಂದು ನೇರವಾಗಿ ಹೇಳಿಕೊಂಡು. ಆ ನೇರವಂತಿಕೆ ನನಗೆ ಇಷ್ಟ. ಇಷ್ಟು ವರ್ಷ ನೀವು ನನ್ನನ್ನು ಬಳಸಿಕೊಂಡಿರಿ, ಈಗ ನಾನು ನಿಮ್ಮನ್ನು ಬಳಸಿಕೊಳ್ಳುತ್ತೇನೆ ಅಂದ ಹಾಗೆ.

ತಪ್ಪು ಪ್ರಶ್ನೆ

ಈಗ ಆ ನಾಲ್ಕು ಹುಡುಗಿಯರಿಗೆ ಬರೋಣ.

ಅವರಲ್ಲಿ ಒಬ್ಬಳು ಶ್ರೀಮಂತರ ಮನೆಯವಳು. ಹದಿನಾಲ್ಕರ ಚಿತ್ರದಲ್ಲಿ ಹುಲ್ಲಿನ ಮೇಲೆ ಕೂತು ತಲೆ ಎತ್ತದೆ ಒಂದೊಂದೇ ಪದದ ಉತ್ತರ ಕೊಡುತ್ತಾಳೆ. ಹಿಂದೆ ಅವಳ ನಾಯಿ ಒಂದು ಮೊಲವನ್ನು ಹಿಡಿದು ಕೊಲ್ಲುತ್ತೆ. ಆಪ್ಟೆಡ್ ಅದನ್ನು ಚಿತ್ರದಲ್ಲಿ ಉಳಿಸಿಕೊಂಡರು. ಆ ಹೊತ್ತಿಗೆ ಅವಳ ಅಪ್ಪ ಅಮ್ಮ ಬೇರೆಯಾಗುತ್ತಿದ್ದರು. ಇಪ್ಪತ್ತೊಂದರಲ್ಲಿ ಒಂದಾದ ಮೇಲೊಂದು ಸಿಗರೇಟು ಸೇದುತ್ತಾ, ಮದುವೆ ಮೇಲೆ ನಂಬಿಕೆಯೇ ಇಲ್ಲ ಅನ್ನುತ್ತಾಳೆ. ಇವಳ ಕಥೆ ಇಷ್ಟೇ ಅಂದುಕೊಂಡಿರಾ? ಇಪ್ಪತ್ತೆಂಟಕ್ಕೆ ನೋಡಿದರೆ ಮದುವೆಯಾಗಿ, ಮಕ್ಕಳ ಜತೆ, ನಗುನಗುತ್ತಾ ಕೂತಿದ್ದಾಳೆ. ಟ್ಯಾಕ್ಸಿಯವನ ನಂತರ ಮೊಳಕೆ ಲೆಕ್ಕ ತಪ್ಪಿದ್ದು ಇಲ್ಲಿ.

ಉಳಿದ ಮೂವರು ಈಸ್ಟ್ ಎಂಡ್‌ನ ಗೆಳತಿಯರು. ಇಪ್ಪತ್ತೊಂದರಲ್ಲಿ ಮೂವರನ್ನೂ ಒಟ್ಟಿಗೆ ಕೂರಿಸಿ ಆಪ್ಟೆಡ್ ಕೇಳಿದ್ದು ಮದುವೆ, ಮಕ್ಕಳು, ಗಂಡಸರು. ಒಬ್ಬಳಿಗೆ, ಮದುವೆಗೆ ಮುಂಚೆ ಗಂಡಸರ ಅನುಭವ ಸಾಕಷ್ಟು ಆಗಿತ್ತಾ ಅನ್ನುವ ಧಾಟಿಯಲ್ಲಿ ಪ್ರಶ್ನೆ ಹಾಕಿದರು. ಆಕೆಗೆ ಉರಿದುಹೋಯಿತು. ಆ ಉರಿ ಆರಲಿಲ್ಲ. ನಲವತ್ತೊಂಬತ್ತರಲ್ಲಿ ಕ್ಯಾಮೆರಾ ಎದುರೇ ತಿರುಗಿಬಿದ್ದಳು: ಇದು ನಮ್ಮ ಚಿತ್ರ ಅಲ್ಲ, ನಾವು ಹೇಗಿದ್ದೇವೆ ಅಂತ ನೀವು ಅಂದುಕೊಂಡಿದ್ದೀರೋ ಅದರ ಚಿತ್ರ. ಇದನ್ನು ನಿಮಗೆ ಬೇಕಾದ ಹಾಗೆ ಕತ್ತರಿಸಿಕೊಳ್ಳುತ್ತೀರಿ, ನನ್ನ ಕೈಯಲ್ಲಿ ಏನೂ ಇಲ್ಲ. ಮಾತು ಹೆಚ್ಚುಕಡಿಮೆ ಇದೇ ಅರ್ಥದ್ದು. ಅರವತ್ತಮೂರರಲ್ಲಿ ಮತ್ತೆ ಹಿಡಿದಳು. ಗಂಡಸರಿಗೆ ದೇಶದ ಬಗ್ಗೆ, ಕೆಲಸದ ಬಗ್ಗೆ ಕೇಳಿದಿರಿ, ನಮಗೆ ಮಾತ್ರ ಸಂಸಾರದ ಪ್ರಶ್ನೆ.

ಇಲ್ಲಿ ಸ್ವಲ್ಪ ನಿಲ್ಲಬೇಕು. ಎಡಿಟಿಂಗ್ ಟೇಬಲ್ ಆಪ್ಟೆಡ್ ಅವರದೇ. ಆ ಜಗಳವನ್ನು ಕತ್ತರಿಸಿ ಬಿಸಾಕಿದ್ದರೆ ಯಾರಿಗೂ ಗೊತ್ತಾಗುತ್ತಿರಲಿಲ್ಲ. ಅವರು ಇಟ್ಟರು. ತಮ್ಮ ಮುಖ ಕಾಣದ ಚಿತ್ರದಲ್ಲಿ ತಮ್ಮನ್ನೇ ಬಯ್ಯುವುದನ್ನು ಇಟ್ಟರು. ಇದು ದೊಡ್ಡತನವಾ, ಅಥವಾ ಜಗಳ ಇದ್ದರೆ ಚಿತ್ರ ರಂಗೇರುತ್ತೆ ಅನ್ನುವ ಕಸುಬುದಾರನ ಲೆಕ್ಕವಾ? ಎರಡೂ ಇರಬಹುದು. ನನಗೆ ಎರಡನ್ನೂ ಬಿಡಿಸಿ ನೋಡಲು ಆಗಿಲ್ಲ.

ಈ ಜಾಗದಲ್ಲಿ ನನ್ನದೇ ಒಂದು ಹೇಳಿಬಿಡುತ್ತೇನೆ. ಕೆಲವು ವರ್ಷದ ಹಿಂದೆ ಚಳ್ಳಕೆರೆ ಕಡೆ ಕಂಬಳಿ ನೇಯುವವರ ಬಗ್ಗೆ ಒಂದು ಪುಟ್ಟ ಚಿತ್ರ ಮಾಡಲು ಹೋಗಿದ್ದೆ. ಒಂದು ಮನೆಯಲ್ಲಿ ವಯಸ್ಸಾದ ಅಜ್ಜಿಯೊಬ್ಬರು ಹುಣಸೆ ಬೀಜದ ಗಂಜಿ ಕಾಯಿಸುತ್ತಿದ್ದರು. ಉಣ್ಣೆ ನೂಲಿಗೆ ಹಚ್ಚುವ ಗಂಜಿ. ಒಲೆ ಮುಂದೆ ಹೊಗೆ, ಹುಳಿ ಬೆರೆತ ಒಂಥರಾ ಘಾಟು. ನಾನು ಮೈಕ್ ಸಿಕ್ಕಿಸಿ, ದನಿ ಮೆತ್ತಗೆ ಮಾಡಿಕೊಂಡು, 'ಅಜ್ಜಿ, ನಿಮ್ ಕಷ್ಟ ಹೇಳಿ' ಅಂದೆ. ಅಜ್ಜಿ ಸೌಟು ಬಿಡಲಿಲ್ಲ. 'ಕಷ್ಟ ಕೇಳಾಕ್ ಬಂದ್ಯೇನಪ್ಪಾ, ಕೆಲ್ಸ ನೋಡಾಕ್ ಬಂದ್ಯಾ? ಗಂಜಿ ಗಂಟಾಕ್ತೈತೆ, ಆಮ್ಯಾಕೆ ಮಾತಾಡ್ಸು' ಅಂದರು. ಹಿಂದೆ ಮಗ್ಗದ ಹತ್ತಿರ ಯಾರೋ ಕಿಸಕ್ಕನೆ ನಕ್ಕರು. ನಾನು ಆ ಮನೆಗೆ ಹೋಗುವ ಮೊದಲೇ ನನ್ನ ಚಿತ್ರದಲ್ಲಿ ಆ ಅಜ್ಜಿ ಅಳುವ ಜಾಗ ಗೊತ್ತು ಮಾಡಿಕೊಂಡಿದ್ದೆ. ನಾನೂ ಸೌದೆ ಒಟ್ಟುವವನೇ. ಗಂಜಿ ಹದ ಹೇಗೆ ಗೊತ್ತಾಗುತ್ತೆ ಅಂತ ಕೇಳಿದಾಗಲೇ ಅವರು ಮಾತಿಗೆ ಕೂತದ್ದು. ಎರಡು ಗಂಟೆ ಮಾತಾಡಿದರು. ಕಷ್ಟವೂ ತಾನಾಗಿ ಬಂತು, ಅದರ ಜಾಗದಲ್ಲಿ.

ಆಪ್ಟೆಡ್ ಕೂಡ ಈ ವಿಷಯದಲ್ಲಿ ತಪ್ಪು ಒಪ್ಪಿಕೊಂಡರು. ತಮ್ಮ ಕಾಲದ ಅತಿ ದೊಡ್ಡ ಬದಲಾವಣೆ ಹೆಂಗಸರ ಬದುಕಿನಲ್ಲಿ ಆಗಿದ್ದು, 1964ರಲ್ಲಿ ನಾಲ್ಕೇ ಹುಡುಗಿಯರನ್ನು ಆರಿಸಿ ಅದನ್ನು ಕೈಬಿಟ್ಟೆ ಅಂದರು. ಹದಿನೈದು ವರ್ಷದಲ್ಲಿ ಆ ದೇಶಕ್ಕೆ ಒಬ್ಬ ಹೆಂಗಸು ಪ್ರಧಾನಿಯಾದರು. ಮೊದಲ ಚಿತ್ರದ ನಿರೂಪಕರು, 2000ನೇ ಇಸವಿಯ ಕಾರ್ಮಿಕ ಮುಖಂಡನೂ ಕಂಪನಿ ಅಧಿಕಾರಿಯೂ ಈಗ ಏಳು ವರ್ಷದವರು ಅಂತ ಘನವಾಗಿ ಹೇಳುತ್ತಾರೆ. ಆ ಇಬ್ಬರೂ ಗಂಡಸರೇ ಅನ್ನುವುದರಲ್ಲಿ ಆಗ ಯಾರಿಗೂ ಅನುಮಾನ ಇದ್ದಂತಿಲ್ಲ.

ಇಪ್ಪತ್ತೆಂಟರ ಚಿತ್ರ ಅಮೆರಿಕದಲ್ಲಿ ಥಿಯೇಟರಿಗೆ ಬಂದಾಗ ಆಪ್ಟೆಡ್‌ಗೆ ಇನ್ನೊಂದು ಹೊಳೆಯಿತು. ಇಂಗ್ಲೆಂಡಿನ ವರ್ಗ ಜಗಳದ ತಲೆಬುಡ ತಿಳಿಯದ ಜನ ಕೂಡ ಇದನ್ನು ಕಣ್ಣುಬಿಟ್ಟು ನೋಡಿದರು. ತಾನು ಮಾಡುತ್ತಿರುವುದು ರಾಜಕೀಯ ಚಿತ್ರ ಅಂದುಕೊಂಡಿದ್ದವರಿಗೆ, ಇದು ಸುಮ್ನೆ ಬದುಕಿನ ಚಿತ್ರ ಅಂತ ಹೊರಗಿನವರು ತೋರಿಸಿಕೊಟ್ಟರು. ಹಾಗಂತ ವರ್ಗದ ಮಾತು ಸುಳ್ಳಾಗಲಿಲ್ಲ. ಸೋಫಾದ ಹುಡುಗರು ಹೇಳಿದ ಸ್ಟಾಪ್‌ಗಳು ಬಹುಪಾಲು ಹೇಳಿದ ಹಾಗೇ ಬಂದವು. ಯೂನಿವರ್ಸಿಟಿ ಅಂದ್ರೇನು ಅಂದ ಹುಡುಗ ಆಸ್ಟ್ರೇಲಿಯಾಕ್ಕೆ ಹೋಗಿ ಕೈಕೆಲಸ ಮಾಡಿ ಬದುಕು ಕಟ್ಟಿಕೊಂಡ.

ಎಲ್ಲರೂ ಕೇಳುವುದು ಲಿವರ್‌ಪೂಲ್ ಹೊರವಲಯದ ಹುಡುಗನ ಬಗ್ಗೆ. ಏಳರಲ್ಲಿ ಗಗನಯಾತ್ರಿ ಆಗಬೇಕು, ಇಲ್ಲಾಂದ್ರೆ ಬಸ್ ಡ್ರೈವರ್ ಆಗಬೇಕು ಅಂದಿದ್ದ ಚೂಟಿ. ಇಪ್ಪತ್ತೆಂಟರಲ್ಲಿ ಮನೆಯಿಲ್ಲದೆ ಸ್ಕಾಟ್ಲೆಂಡಿನಲ್ಲಿ ಅಲೆಯುತ್ತಿದ್ದ. ಕೆರೆಯ ದಂಡೆಯಲ್ಲಿ ನಿಂತು ಮೈ ಅಲ್ಲಾಡಿಸುತ್ತಾ ಮಾತಾಡುವ ಆ ದೃಶ್ಯ ನೋಡಿದವರು ಮರೆಯುವುದಿಲ್ಲ. ಮುಂದಿನ ಸಲ ಇವನು ಇರುತ್ತಾನಾ ಅಂತ ನೋಡುಗರು ಹೆದರಿದ್ದರು. ನಲವತ್ತೆರಡಕ್ಕೆ ಆತ ಲಂಡನ್ನಿನ ಹ್ಯಾಕ್ನಿಯಲ್ಲಿ ಚುನಾಯಿತ ಕೌನ್ಸಿಲರ್! ಲಂಡನ್ನಿಗೆ ಬಂದಾಗ ಉಳಿಯಲು ಜಾಗ ಕೊಟ್ಟದ್ದು ಅದೇ ಸರಣಿಯ ಇನ್ನೊಬ್ಬ, ಬಾಂಗ್ಲಾದೇಶದ ಸಿಲ್ಹೆಟ್‌ನಲ್ಲಿ ಮೇಷ್ಟ್ರಾಗಿ ಕೆಲಸ ಮಾಡಿ ಬಂದವನು. ಇದನ್ನು ಸ್ಕ್ರಿಪ್ಟ್‌ನಲ್ಲಿ ಬರೆದಿದ್ದರೆ ನಾನೇ ಹೊಡೆದು ಹಾಕುತ್ತಿದ್ದೆ, ನಂಬುವ ಹಾಗಿಲ್ಲ ಅಂತ. ಕ್ಯಾಮೆರಾ ಬರದೇ ಹೋಗಿದ್ದರೆ ಈ ಇಬ್ಬರಿಗೆ ಗೆಳೆತನವೇ ಆಗುತ್ತಿರಲಿಲ್ಲ. ಬದುಕನ್ನು ದಾಖಲಿಸಲು ಹೋದದ್ದು ಬದುಕಿನ ದಾರಿಯನ್ನೇ ತುಸು ಸರಿಸಿತು.

ಮತ್ತೆ ನಮ್ಮ ಟ್ಯಾಕ್ಸಿಯವರು. ಏಳರಲ್ಲಿ ಕುದುರೆ ರೇಸಿನ ಜಾಕಿ ಆಗಬೇಕು ಅಂದಿದ್ದರು. ಆದರು ಕೂಡ. ಮೂರು ರೇಸ್ ಓಡಿಸಿದರು, ಒಂದರಲ್ಲಿ ಹೆಸರಾಂತ ಜಾಕಿ ಲೆಸ್ಟರ್ ಪಿಗಟ್ ಜತೆ. ಅಲ್ಲಿಗೆ ಆ ಕನಸು ಮುಗಿಯಿತು. ಆಪ್ಟೆಡ್ ಅವರನ್ನು ಕಾರಿನಲ್ಲಿ ಸುತ್ತಾಡಿಸಿದ ಕಾಲದಲ್ಲಿ ಅವರು ಲಂಡನ್ ಟ್ಯಾಕ್ಸಿ ಲೈಸೆನ್ಸಿನ ಪರೀಕ್ಷೆಗೆ ಓದುತ್ತಿದ್ದರು. ಆ ಪರೀಕ್ಷೆಯ ಹೆಸರೇ 'ನಾಲೆಡ್ಜ್'. ಚೇರಿಂಗ್ ಕ್ರಾಸ್‌ನಿಂದ ಸುತ್ತ ಆರು ಮೈಲಿಯ ಸುಮಾರು 25,000 ಬೀದಿಗಳು ಬಾಯಿಪಾಠ ಬರಬೇಕು. ಅದೇ ಬೀದಿಗಳನ್ನು ಒಬ್ಬರು ಹೊಟ್ಟೆಪಾಡಿಗಾಗಿ ಕಲಿಯುತ್ತಿದ್ದರು, ಇನ್ನೊಬ್ಬರು ಜೈಲಿನ ಕಥೆಗಾಗಿ ಚಿತ್ರೀಕರಿಸುತ್ತಿದ್ದರು. ಐವತ್ತಾರರ ಹೊತ್ತಿಗೆ ಅವರು ಒಂದು ಘಟನೆ ಹೇಳುತ್ತಾರೆ. ಟ್ಯಾಕ್ಸಿಯಲ್ಲಿ ಚಂದ್ರನ ಮೇಲೆ ನಡೆದ ಬಜ್ ಆಲ್ಡ್ರಿನ್ ಕೂತಿದ್ದಾರೆ. ಹೊರಗಿನಿಂದ ಯಾರೋ ಆಟೋಗ್ರಾಫ್ ಕೇಳುತ್ತಾರೆ. ಆಲ್ಡ್ರಿನ್ ಅವರದು ಬೇಕೇನೋ ಅಂದುಕೊಂಡರೆ, ಅವರಿಗೆ ಬೇಕಾಗಿದ್ದು ಡ್ರೈವರ್ ಸಹಿ.

2013ರಲ್ಲಿ ಮೂವರು ಗೆಳತಿಯರಲ್ಲಿ ಲೈಬ್ರರಿಯನ್ ಆಗಿದ್ದವರು ತೀರಿಕೊಂಡರು. ಹದಿನಾಲ್ವರಲ್ಲಿ ಮೊದಲ ಸಾವು. 2019ರಲ್ಲಿ ಅರವತ್ತಮೂರರ ಚಿತ್ರ ಬಂದಾಗ ಆಪ್ಟೆಡ್‌ಗೆ ಎಪ್ಪತ್ತೆಂಟು. ಅದೇ ಅವರ ಕೊನೆಯದು. 2021ರ ಜನವರಿ 7ರಂದು ತೀರಿಕೊಂಡರು.

ಆ ಕೊನೇ ಚಿತ್ರದಲ್ಲಿ ಅವರು ಎಲ್ಲರ ಮುಂದೆಯೂ ಆ ಹಳೇ ಜೆಸ್ಯೂಟರ ಮಾತನ್ನೇ ಇಟ್ಟರು. 1964ರಲ್ಲಿ ತೀರ್ಪಿನ ಹಾಗೆ ಹೇಳಿದ್ದನ್ನು ಈಗ ಪ್ರಶ್ನೆಯ ಹಾಗೆ ಕೇಳಿದರು: ಇದು ನಿಜವಾ? ಉತ್ತರ ಒಬ್ಬೊಬ್ಬರದು ಒಂದೊಂದು. ನನಗೆ ಮಾತ್ರ ಆಗ ನೆನಪಾದದ್ದು ಯಾರ್ಕ್‌ಶೈರ್‌ನ ರೈತನ ಮಗ, ಮುಂದೆ ಅಮೆರಿಕದಲ್ಲಿ ಎಲೆಕ್ಟ್ರಿಕಲ್ ಎಂಜಿನಿಯರಿಂಗ್ ಪ್ರೊಫೆಸರ್ ಆದವನು. ಏಳನೇ ವಯಸ್ಸಿನಲ್ಲಿ ಅವನನ್ನು, ಗರ್ಲ್‌ಫ್ರೆಂಡ್ ಇದ್ದಾಳಾ ಅಂತ ಕೇಳಿದ್ದರು. ದೊಡ್ಡವರ ಕೋಟು ತೊಟ್ಟ ಹಾಗೆ ಕಾಣುವ ಆ ಪುಟ್ಟ ಹುಡುಗ ಆಚೆ ಮುಖ ತಿರುಗಿಸಿ, ಅಂಥ ಪ್ರಶ್ನೆಗೆಲ್ಲ ನಾನು ಉತ್ತರ ಕೊಡಲ್ಲ ಅಂದಿದ್ದ.